ಅಕ್ಕನ ಎಡೆಗೆ ತುಂಬುಗಾಯಿ

ನಮ್ಮ ಅಕ್ಕ ತೀರಿಹೋದ ವರ್ಷ ದೀಪಾವಳಿಗೆ ಅವ್ವ ಎರಡು ಸಲ ಬದನೆಕಾಯಿಗೆ ತುಂಬುವ ಹೂರಣ ಕುಟ್ಟಿದಳು. ಮೊದಲನೆಯದು ನಮ್ಮ ಮನೆಯ ಹಿರಿಯರಿಗೆ. ಎರಡನೆಯದು ಅಕ್ಕನಿಗೆ. ಅದನ್ನು ನಮ್ಮ ಮನೆಯೊಳಗೆ ಎಡೆಗೆ ಇಡುವಂತಿರಲಿಲ್ಲ.

ನಮ್ಮೂರು ಉಡಿಗಾಲ. ಐವತ್ತರ ದಶಕದ ನಡುವಿನ ವರ್ಷಗಳು, ನನಗಾಗ ಹತ್ತು ಹನ್ನೊಂದು ವಯಸ್ಸು. ಮುಂಗಾರಿನಲ್ಲಿ ಹಾಕಿದ ಕಡಲೆಕಾಯಿಯನ್ನು ದೀಪಾವಳಿಯ ಹೊತ್ತಿಗೆ ಕಿತ್ತು ಒಣಗಿಸಿ ನಡುಮನೆಯ ಮೂಲೆಯಲ್ಲಿ ರಾಶಿ ಹಾಕಿರುತ್ತಿದ್ದೆವು. ಮನೆಯೆಲ್ಲಾ ಮಣ್ಣಿನ ವಾಸನೆ. ಹಿತ್ತಲಿನಲ್ಲಿ ಬದನೆ ಗಿಡ, ಬೇಲಿಯ ಮೇಲೆ ಹೀರೆ ಬಳ್ಳಿ. ನಮ್ಮ ಕಡೆ ಕೆಲವರು ಹಿರಿಯರಿಗೆ ಮಹಾಲಯ ಅಮಾವಾಸ್ಯೆಯಲ್ಲಿ ಎಡೆ ಇಡುತ್ತಾರೆ. ನಮ್ಮ ಮನೆಯಲ್ಲಿ ದೀಪಾವಳಿಗೆ. ಸತ್ತವರ ಹೆಸರಿನಲ್ಲಿ ಬಾಳೆಯೆಲೆ ಹಾಸಿ, ಅವರಿಗೆ ಇಷ್ಟವಾದುದನ್ನೆಲ್ಲ ಬಡಿಸಿ, ಹೊಸ ಬಟ್ಟೆ ಇಟ್ಟು, ಬಾಗಿಲು ಮುಂದೆ ಮಾಡಿಕೊಂಡು ಎಲ್ಲರೂ ಸ್ವಲ್ಪ ಹೊತ್ತು ಹೊರಗೆ ನಿಲ್ಲುವುದು. ಅವರು ಬಂದು ಉಂಡು ಹೋಗಲಿ ಎಂದು. ಆ ಎಡೆಗೆ ತುಂಬಿದ ಬದನೆಕಾಯಿ ಆಗಲೇಬೇಕು.

ಅದರ ಕೆಲಸ ಅಕ್ಕನದು. ಅಕ್ಕ ನನಗಿಂತ ಎಂಟು ವರ್ಷಕ್ಕೆ ದೊಡ್ಡವಳು. ಅವ್ವ ಹೊಲಕ್ಕೆ ಹೋದರೆ ನನಗೆ ತಲೆ ಬಾಚುತ್ತಿದ್ದವಳು, ಉಣ್ಣಿಸುತ್ತಿದ್ದವಳು, ಜ್ವರ ಬಂದರೆ ಪಕ್ಕದಲ್ಲಿ ಕೂತಿರುತ್ತಿದ್ದವಳು ಅವಳೇ. ಮಣ್ಣಿನ ಓಡಿನಲ್ಲಿ ಕಡಲೆಬೀಜ ಹುರಿದು, ಬಿಸಿ ಇರುವಾಗಲೇ ಗೋಣಿತಾಟಿನ ಮೇಲೆ ಹಾಕಿ ಅಂಗೈಯಲ್ಲಿ ಉಜ್ಜಿ, ಮೊರದಲ್ಲಿ ಸಿಪ್ಪೆ ಹಾರಿಸುತ್ತಿದ್ದಳು. ಸಿಪ್ಪೆ ನನ್ನ ಮುಖಕ್ಕೆ ಬರುವ ಹಾಗೆ ಬೇಕೆಂದೇ ತಿರುಗಿ ನಿಲ್ಲುತ್ತಿದ್ದಳು. ಒಣಮೆಣಸಿನಕಾಯಿ, ಕೊತ್ತಂಬರಿ ಬೀಜ, ಒಂದಿಷ್ಟು ಹುಚ್ಚೆಳ್ಳು ಹುರಿದು ಬೀಜದ ಜೊತೆ ಒರಳಿಗೆ ಹಾಕುವುದು. ಹೀರೆಕಾಯಿ, ಈರುಳ್ಳಿ ಸಣ್ಣಗೆ ಹೆಚ್ಚಿ ನೀರು ಇಂಗುವವರೆಗೆ ಬಾಡಿಸಿ, ತೆಂಗಿನತುರಿ, ಹುಣಸೆಹಣ್ಣು, ಚೂರು ಬೆಲ್ಲದೊಂದಿಗೆ ಕಲಸಿದರೆ ಹೂರಣ ಆಯಿತು. ತೊಟ್ಟು ಬಿಡದಂತೆ ನಾಲ್ಕಾಗಿ ಸೀಳಿದ ಎಳೆ ಬದನೆಕಾಯಿಗೆ ಅದನ್ನು ತುಂಬಿ, ಎಣ್ಣೆಯಲ್ಲಿ ಸಣ್ಣ ಉರಿಯ ಮೇಲೆ ಬೇಯಿಸಬೇಕು. ಅಕ್ಕನಿಗೆ ಬೆಂದ ಕಾಯಿಗಿಂತ ಹಸಿ ಹೂರಣವೇ ಹೆಚ್ಚು ಇಷ್ಟ. ಕಲಸುವಾಗಲೇ ಅರ್ಧ ತಿಂದುಬಿಡುತ್ತಾಳೆಂದು ಅವ್ವ ಬೈಯುತ್ತಿದ್ದಳು.

ಅವಳನ್ನು ಗುಂಡ್ಲುಪೇಟೆಯ ಆಚೆ, ಮದ್ದೂರಿನ ಕಾಡಿನ ದಿಕ್ಕಿಗಿರುವ ಒಂದು ಸಣ್ಣ ಊರಿಗೆ ಕೊಟ್ಟರು. ಭಾವನಿಗೆ ತಂದೆತಾಯಿ ಇರಲಿಲ್ಲ. ಕಾಡಿಗೆ ಅಂಟಿದಂತೆ ಎರಡು ತುಂಡು ಹೊಲ, ಆನೆ ಕಾಯುವುದಕ್ಕೆ ಮರದ ಮೇಲೊಂದು ಅಟ್ಟಣೆ. ಮಾತು ಕಡಿಮೆ, ಕೆಟ್ಟ ಮನುಷ್ಯನಲ್ಲ. ಮೊದಲ ಹೆರಿಗೆಗೆ ಅಕ್ಕ ನಮ್ಮ ಮನೆಗೆ ಬಂದಳು. ಹೆಣ್ಣುಮಗು ಹುಟ್ಟಿತು. ಅಪ್ಪ ಚಾಮರಾಜನಗರದ ಸಂತೆಯಿಂದ ಅಕ್ಕನಿಗೆ ಒಂದು ಹಸಿರು ಸೀರೆ ತಂದರು. ಐದು ತಿಂಗಳು ಅವ್ವನೇ ಆ ಮಗುವಿಗೆ ಎಣ್ಣೆ ಹಚ್ಚಿ ಕಾಲ ಮೇಲೆ ಮಲಗಿಸಿಕೊಂಡು ನೀರು ಹಾಕಿದಳು. ಅವ್ವನ ದನಿ ಕೇಳಿದರೆ ಸಾಕು, ಮಗು ಕೈಕಾಲು ಬಡಿಯುತ್ತಿತ್ತು. ಭಾವ ಬಂದು ಕರೆದುಕೊಂಡು ಹೋದ ದಿನ ಅವ್ವ ನೀರೊಲೆಗೆ ಬೆಂಕಿ ಹಾಕಲೇ ಇಲ್ಲ.

ಎರಡನೆಯ ಹೆರಿಗೆ ಗಂಡನ ಊರಿನಲ್ಲೇ ಆಗಬೇಕಾಯಿತು. ದಿನ ಇನ್ನೂ ಇತ್ತು, ಕರೆದುಕೊಂಡು ಬರಬೇಕೆಂದು ಅಪ್ಪ ಗಾಡಿ ಹೊಂದಿಸುತ್ತಿದ್ದರು. ಅಷ್ಟರಲ್ಲಿ ನೋವು ಕಾಣಿಸಿಕೊಂಡಿದೆ. ಮಳೆಗೆ ಹಳ್ಳ ತುಂಬಿ, ಗುಂಡ್ಲುಪೇಟೆ ಆಸ್ಪತ್ರೆಗೆ ಹೊರಟ ಗಾಡಿ ಈಚೆಗೆ ದಾಟಲಾಗದೆ ನಿಂತಿತು. ತಾಯಿ, ಹೊಟ್ಟೆಯಲ್ಲಿದ್ದ ಕೂಸು, ಇಬ್ಬರೂ ಗಾಡಿಯಲ್ಲೇ ಹೋದರು. ನಮಗೆ ಸುದ್ದಿ ಮುಟ್ಟಿ ಅಪ್ಪ ಅಲ್ಲಿಗೆ ತಲುಪುವ ಹೊತ್ತಿಗೆ ಮಣ್ಣು ಮಾಡಿ ಆಗಿತ್ತು. ಅವ್ವ ಮಗಳ ಮುಖ ನೋಡಲಿಲ್ಲ.

ತಬ್ಬಲಿಯಾದ ಮಗುವನ್ನು ನಮಗೆ ಕೊಡು, ಸಾಕುತ್ತೇವೆ ಎಂದು ಅಪ್ಪ ಕೇಳಿದರು. "ಇದೊಂದಾದ್ರೂ ನನ್ನ ಕಣ್ಮುಂದೆ ಇರ್ಲಿ ಮಾವ" ಅಂದನಂತೆ ಭಾವ. ಅಪ್ಪ ಒಬ್ಬರೇ ವಾಪಸು ಬಂದರು. ಕೆಲವೇ ತಿಂಗಳಲ್ಲಿ ಅವನು ಇನ್ನೊಂದು ಮದುವೆಯಾದ ಸುದ್ದಿ ಬಂತು. ಕೂಸು ನೋಡಿಕೊಳ್ಳಲು ಜನ ಬೇಕಿತ್ತು, ತಪ್ಪೇನಿಲ್ಲ ಎಂದು ಊರವರೆಲ್ಲ ಹೇಳಿದರು. ಅವ್ವನೂ ಹಾಗೆಯೇ ಹೇಳಿದಳು. ಹೇಳಿದವಳು ಎದ್ದುಹೋಗಿ ಹಿತ್ತಲಲ್ಲಿ ಕೂತಳು.

ಅದಾದ ಮೇಲೆ ಬಂದದ್ದು ಆ ದೀಪಾವಳಿ.

ಅಮಾವಾಸ್ಯೆಯ ಬೆಳಿಗ್ಗೆ ಅವ್ವನೂ ನಾನೂ ಬೀಜ ಹುರಿದೆವು. ಈ ಸಲ ಸಿಪ್ಪೆ ಹಾರಿಸಿದವಳು ನಾನು. ಅಡುಗೆಯೆಲ್ಲ ಮುಗಿದು, ಅಜ್ಜಿ ಗೋಡೆಯ ಬದಿಗೆ ಎಲೆ ಹಾಸುತ್ತಿದ್ದಳು. ಅಜ್ಜಿ ಎಂದರೆ ಅಪ್ಪನ ತಾಯಿ. ಎಡೆ ಇಡುವುದು ಅವಳ ಕೈಯಿಂದಲೇ. ತಾತನಿಗೆ ಒಂದು ಎಲೆ, ಅವರ ತಂದೆತಾಯಿಗೆ ಎರಡು. ಅವ್ವ ಹಿತ್ತಲಿಂದ ಇನ್ನೊಂದು ಎಲೆ ಕೊಯ್ದು ತಂದು ಪಕ್ಕದಲ್ಲಿ ಹಾಸಿದಳು.

ಅಜ್ಜಿ ಆ ಎಲೆ ನೋಡಿದಳು. "ಯಾರ್ಗವ್ವ ಇದು?"

ಅವ್ವ ಎಲೆಗೆ ನೀರು ಚಿಮುಕಿಸಿ ಒರೆಸತೊಡಗಿದಳು.

"ಬ್ಯಾಡ ಕಣವ್ವ, ಎತ್ಬುಡು. ಕೊಟ್ಟ ಎಣ್ಣು ಕುಲುಕ್ಕೆ ಒರಗು. ಅವಳ ಎಡೆ ಅವಳ ಗಂಡನ ಅಟ್ಟೀಲಿ ಇಕ್ಬೇಕು. ಇಲ್ಲಿ ಇಕ್ಬುಟ್ರೆ ಆ ಮಗ ಅಲ್ಲಿಗೂ ಸೇರ್ದೆ ಇಲ್ಲಿಗೂ ಸಲ್ದೆ ದಾರೀಲಿ ಅಲೀತದೆ."

"ಅಲ್ಲಿ ಇಕ್ಕೋರು ಯಾರತ್ತೆ?" ಅಂದಳು ಅವ್ವ. "ಈಗ ಬಂದೋಳು ಇಕ್ಕಾಳಾ? ಇಕ್ಕುದ್ರೂ ಏನ್ ಇಕ್ಬೇಕು ಅಂತ ಅವಳಿಗೇನು ಗೊತ್ತು?"

"ನಂಗೂ ಮೊಮ್ಮಗಳಲ್ವಾ ಅವ್ಳು. ನನ್ನ ಒಟ್ಟೆ ಉರಿಯಲ್ವಾ?" ಅಜ್ಜಿ ಸೆರಗಿನಿಂದ ಕಣ್ಣೊರೆಸಿಕೊಂಡು ಆ ಎಲೆಯನ್ನು ತಾನೇ ಎತ್ತಿ ಮಡಿಸಿದಳು. "ಆದ್ರೂ ಇಕ್ಕಂಗಿಲ್ಲ."

ಜಗಲಿಯ ಮೇಲಿದ್ದ ಅಪ್ಪ ಎಲ್ಲವನ್ನೂ ಕೇಳಿಸಿಕೊಂಡಿದ್ದರು. ಊಟವಾದ ಮೇಲೆ ಅವ್ವನಿಗೆ ಹೇಳಿದರು. "ಅವ್ರೂರಲ್ಲಿ ಪಾಡ್ಯಕ್ಕೆ ತಾನೆ ಹಬ್ಬ. ನಾಳೀಕೆ ಮೊದಲ್ನೇ ಬಸ್ಗೆ ಓಗು. ಕೂಸ್ನೂ ನೋಡ್ಕಂಡು ಬಾ. ಚಿಕ್ಕೋಳ್ನ ಜೊತೇಲಿ ಕರ್ಕೊ. ನಾ ಬರಾಕಿಲ್ಲ, ಆ ಬಾಗ್ಲಿಗೆ ನನ್ನ ಕಾಲು ಏಳಲ್ಲ."

ಅವ್ವ ಆಗಲೇ ಎದ್ದು ಓಡನ್ನು ಮತ್ತೆ ಒಲೆಯ ಮೇಲಿಟ್ಟಳು. ಒಣ ಪುಡಿಯನ್ನು ಇಲ್ಲೇ ಕುಟ್ಟಿ ಒಯ್ಯುವುದು, ಹಸಿಯದೆಲ್ಲ ಅಲ್ಲಿ ಸೇರಿಸುವುದು ಎಂದು ಅವಳ ಲೆಕ್ಕ. ಅಕ್ಕನಿಗೆ ಬೀಜ ಹಲ್ಲಿಗೆ ಸಿಗಬೇಕಿತ್ತು, ನುಣ್ಣಗಾದರೆ ಮೂತಿ ತಿರುಗಿಸುತ್ತಿದ್ದಳು. ಅವ್ವ ಒನಕೆಯನ್ನು ತುಂಬ ಮೆಲ್ಲಗೆ ಹಾಕುತ್ತಿದ್ದಳು, ನಾಲ್ಕು ಏಟಿಗೊಮ್ಮೆ ಬಗ್ಗಿ ನೋಡುತ್ತಿದ್ದಳು. ಪುಡಿಯನ್ನು ಬಟ್ಟೆಯಲ್ಲಿ ಗಂಟು ಕಟ್ಟಿ, ಇನ್ನೊಂದು ಚೀಲಕ್ಕೆ ಹಿತ್ತಲಿನ ಬದನೆಕಾಯಿ, ಹೀರೆಕಾಯಿ, ಒಂದು ತೆಂಗಿನಕಾಯಿ ಹಾಕಿಟ್ಟಳು.

ಮಾರನೇ ದಿನ ಚಾಮರಾಜನಗರದಿಂದ ಬರುವ ಬಸ್ಸಿಗೆ ರಸ್ತೆಯಲ್ಲಿ ಕಾದು ನಿಂತು ಹತ್ತಿದೆವು. ಹಬ್ಬದ ಜನ, ಕಾಲಿಡಲು ಜಾಗವಿರಲಿಲ್ಲ. ಚೀಲವನ್ನು ಮೇಲೆ ಹಾಕುತ್ತೇನೆಂದು ಕಂಡಕ್ಟರ್ ಕೈ ಚಾಚಿದರೆ ಅವ್ವ ಕೊಡಲಿಲ್ಲ, ತೊಡೆಯ ಮೇಲೇ ಇಟ್ಟುಕೊಂಡಳು. ತೆರಕಣಾಂಬಿ ದಾಟುವಾಗ ಪಕ್ಕದ ಹೆಂಗಸು, "ಮಗಳ ಅಟ್ಟೀಗ ಓಯ್ತಾ ಇದ್ದೀರಾ?" ಎಂದು ಕೇಳಿದಳು. ಅವ್ವ "ಊ ಕಣವ್ವ" ಅಂದಳು. "ಎಷ್ಟ್ ಜನ ಮೊಮ್ಮಕ್ಕಳು?" ಎಂದರೆ "ಒಂದು ಅದೆ" ಅಂದಳು. ಆ ಹೆಂಗಸು ಗುಂಡ್ಲುಪೇಟೆಯವರೆಗೂ ತನ್ನ ಮಗಳ ವಿಷಯ ಹೇಳುತ್ತಾ ಬಂದಳು. ಅವ್ವ ಎಲ್ಲಕ್ಕೂ ತಲೆಯಾಡಿಸಿದಳು. ನಾನು ಅವ್ವನ ಮುಖ ನೋಡದೆ ಕಿಟಕಿಯಾಚೆ ನೋಡುತ್ತಾ ಕೂತೆ.

ಗುಂಡ್ಲುಪೇಟೆಯಿಂದ ನಡಿಗೆ. ಬಿಸಿಲು ಏರುವ ಹೊತ್ತಿಗೆ ಊರು ಸಿಕ್ಕಿತು. ಭಾವನ ಮನೆಯ ಮುಂದೆ ಒಬ್ಬಳು ಹುಡುಗಿ ಸಗಣಿನೀರು ಹಾಕಿ ಗುಡಿಸುತ್ತಿದ್ದಳು. ಹಸಿರು ಸೀರೆ. ಹಿಂದಿನಿಂದ ನೋಡಿದಾಗ ಅಕ್ಕನೇ ಎಂದುಕೊಂಡೆ. ಅಪ್ಪ ಸಂತೆಯಿಂದ ತಂದ ಸೀರೆ ಅದು. ನಾನು ಅವ್ವನ ಕೈ ಹಿಡಿದುಕೊಂಡೆ.

ಅವಳು ತಿರುಗಿದಳು. ಅಕ್ಕನಿಗಿಂತಲೂ ಚಿಕ್ಕವಳು. ಕೊರಳಲ್ಲಿ ತಾಳಿಯ ಜೊತೆ ಒಂದು ಸಣ್ಣ ಬೆಳ್ಳಿಯ ಬಿಲ್ಲೆ. ತೀರಿಹೋದ ಮೊದಲ ಹೆಂಡತಿಯ ಹೆಸರಿನಲ್ಲಿ ಎರಡನೆಯವಳಿಗೆ ಕಟ್ಟುತ್ತಾರಲ್ಲ, ಅದು.

"ಯಾರ್ ಬೇಕಿತ್ತವ್ವ?"

ಅವ್ವ ಚೀಲವನ್ನು ಎದೆಗೆ ಒತ್ತಿಕೊಂಡಳು. "ಉಡಿಗಾಲದೋಳು ಕಣವ್ವ ನಾನು" ಅಂದಳು ಕೊನೆಗೆ.

ಹುಡುಗಿ ಕಸಬರಿಕೆ ಕೆಳಗೆ ಹಾಕಿದಳು. ಸೆರಗಿನಲ್ಲಿ ಕೈ ಒರೆಸಿಕೊಂಡು ಬಂದು ಅವ್ವನ ಕಾಲು ಮುಟ್ಟಿದಳು. "ಒಳಿಕ್ಕೆ ಬನ್ನಿ ಅವ್ವ" ಅಂದಳು. ಸೀರೆ ಯಾರದೆಂದು ಅವಳಿಗೂ ಆಗ ಹೊಳೆಯಿತೇನೋ, ಸೆರಗನ್ನು ಸುತ್ತಿಕೊಂಡು ತಲೆ ತಗ್ಗಿಸಿ ಒಳಗೆ ನಡೆದಳು.

ಮನೆ ಸಾರಿಸಿ ಚೊಕ್ಕಟವಾಗಿತ್ತು. ಭಾವ ಹೊಲಕ್ಕೆ ಹೋಗಿದ್ದ. ಮೂಲೆಯಲ್ಲಿ ಕೂಸು ಒಂದು ಸೌಟು ಹಿಡಿದು ಆಡುತ್ತಿತ್ತು. ಅಕ್ಕನದೇ ಹುಬ್ಬು. ಅವ್ವ ಚೀಲ ಇಟ್ಟು ಎರಡೂ ಕೈ ಚಾಚಿದಳು. ಮಗು ಎದ್ದು ಓಡಿಹೋಗಿ ಆ ಹುಡುಗಿಯ ಕಾಲ ಹಿಂದೆ ಅಡಗಿತು.

"ನಿಮ್ಮಜ್ಜಿ ಕಣಮ್ಮಿ, ಓಗು" ಎಂದು ಅವಳು ಮುಂದಕ್ಕೆ ತಳ್ಳಿದಳು. ಮಗು ಸೀರೆಯ ನೆರಿಗೆಯಲ್ಲಿ ಮುಖ ಮುಚ್ಚಿಕೊಂಡಿತು.

"ಇರ್ಲಿ ಬುಡವ್ವ. ಮರ್ತದೆ" ಅಂದಳು ಅವ್ವ.

ಹುಡುಗಿ ನಮಗೆ ಚೊಂಬಿನಲ್ಲಿ ನೀರು ತಂದುಕೊಟ್ಟಳು. ಆಮೇಲೆ ತಾನೇ ಮಾತು ಶುರುಮಾಡಿದಳು. "ಇವತ್ತು ಸಂದೇಗ ಅಕ್ಕಂಗೆ ಎಡೆ ಇಕ್ಬೇಕು ಅಂತಿದ್ದೀನಿ ಅವ್ವ. ಅವಳಿಗೆ ಏನ್ ಇಷ್ಟ ಅಂತ ಇವ್ರ ಕೇಳ್ದಿ. ನಂಗೇನ್ ಗೊತ್ತು, ಮಾಡಿದ್ದ ಉಣ್ಣೋಳು ಅಂದ್ರು. ಪಕ್ಕದ ಅಟ್ಟಿ ಅಜ್ಜೀನೂ ಕೇಳ್ದಿ, ಅವ್ರಿಗೂ ಗೊತ್ತಿಲ್ಲ. ಅದ್ಕೆ ಪಾಯಸ ಮಾಡನ ಅಂದ್ಕಂಡಿ."

ಅವ್ವ ಅವಳನ್ನೇ ನೋಡುತ್ತಿದ್ದಳು. ಚೀಲದ ಬಾಯಿ ಬಿಚ್ಚಿ ಬದನೆಕಾಯಿಗಳನ್ನು ನೆಲದ ಮೇಲೆ ಸುರಿದಳು. "ಬದನಕಾಯಿ ತುಂಬಿ ಬೇಸಿದ್ರೆ ಇಷ್ಟ ಅವಳಿಗೆ."

"ನಂಗೆ ಅದು ಬರಾಕಿಲ್ಲ ಅವ್ವ. ನಮ್ಮವ್ವ ನಾ ಕೂಸಾಗಿದ್ದಾಗ್ಲೆ ತೀರ್ಕಂಡ್ಲು. ಯೋಳಿಕೊಡಿ, ಮಾಡ್ತೀನಿ."

ಎಡೆಯ ಅಡುಗೆ ಆ ಮನೆಯವಳ ಕೈಯಿಂದಲೇ ಆಗಬೇಕು. ತಾನೇ ಮಾಡಿ ಇಡಬೇಕೆಂದು ಬಂದಿದ್ದ ಅವ್ವ ಒಲೆಯಿಂದ ಸ್ವಲ್ಪ ದೂರ ಕೂತು ಹೇಳತೊಡಗಿದಳು. ಅವಳು ಹೀರೆಕಾಯಿ ಹೆಚ್ಚಿದಳು, ನಾನು ಕಾಯಿ ತುರಿದೆ. "ಇನ್ನೂ ಬಾಡ್ಲಿ, ನೀರು ಅದೆ." "ಉಪ್ಪು ಈಗ್ಲೆ ಆಕ್ಬ್ಯಾಡ." "ತೊಟ್ಟು ಬುಟ್ಟು ಸೀಳು." ಅಕ್ಕನಿಗೆ ಹೇಳುತ್ತಿದ್ದ ದನಿಯೇ, ಅದೇ ಬೈಗುಳದ ಅಂಚು. ಹುಡುಗಿ ಪುಡಿಯ ಗಂಟು ಬಿಚ್ಚಿ ನೋಡಿ, "ಬೀಜ ದಪ್ಪ ಅದಲ್ಲವ್ವ, ಇನ್ನೊಂದು ಸಲಿ ಕುಟ್ಲಾ?" ಎಂದಳು.

"ಬ್ಯಾಡ ಬುಡು ಮಗ, ಅವಳಿಗೆ..." ಎಂದವಳೇ ಅವ್ವ ಮಾತು ನಿಲ್ಲಿಸಿಬಿಟ್ಟಳು. ಅಕ್ಕನನ್ನು ಕರೆಯುವ ಹಾಗೆ ಮಗ ಎಂದದ್ದಕ್ಕೋ, ಮುಂದಿನ ಮಾತು ಬಾರದ್ದಕ್ಕೋ ನನಗೆ ತಿಳಿಯಲಿಲ್ಲ. ಹುಡುಗಿ ತಲೆ ಎತ್ತದೆ ಹೂರಣ ಕಲಸುತ್ತಲೇ ಇದ್ದಳು. ಅವಳ ಕಣ್ಣಿಂದ ನೀರು ಮುಂಗೈ ಮೇಲೆ ಬಿದ್ದದ್ದನ್ನು ನಾನು ನೋಡಿದೆ.

ಕಲಸಿದ್ದರಲ್ಲಿ ಒಂದು ಉಂಡೆ ಹಿಡಿದು ಅವ್ವ ಮಗುವಿನ ಕಡೆ ಚಾಚಿದಳು. ಅದು ಬಹಳ ಹೊತ್ತು ನೋಡಿ, ನಾಲ್ಕು ಹೆಜ್ಜೆ ಬಂದು, ಅಜ್ಜಿಯ ಕೈಯಿಂದಲೇ ತಿಂದಿತು. ಎಡೆಗೆಂದು ಮಾಡಿದ್ದನ್ನು ಎಡೆ ಇಡುವ ಮೊದಲು ಯಾರಿಗೂ ತಿನ್ನಿಸಬಾರದು. ಆ ದಿನ ಯಾರೂ ಅದನ್ನು ಎತ್ತಿ ಆಡಲಿಲ್ಲ. ಎರಡನೆಯ ಉಂಡೆಗೂ ಬಾಯಿ ತೆರೆಯಿತು. ಅವ್ವ ಅದರ ಬೆನ್ನು ಸವರಲು ಕೈ ಇಟ್ಟ ಕೂಡಲೇ ಹಿಂದಕ್ಕೆ ಸರಿದು ಆ ಹುಡುಗಿಯ ಮಡಿಲಿಗೆ ಹೋಗಿ ಕೂತಿತು. "ಅವ್ವ, ಆ ಅಜ್ಜಿ ಯಾಕ ಅಳ್ತದ?" ಎಂದು ಅವಳ ಕಿವಿಯಲ್ಲಿ ಕೇಳಿತು. ಮಕ್ಕಳ ಪಿಸುಮಾತು, ಎಲ್ಲರಿಗೂ ಕೇಳಿಸಿತು.

ಇಳಿಹೊತ್ತಿಗೆ ಭಾವ ಬಂದ. ಬಾಗಿಲಲ್ಲಿ ಅವ್ವನನ್ನು ಕಂಡು ಹೆಗಲ ಮೇಲಿನ ಟವಲು ಕೈಗೆ ತೆಗೆದುಕೊಂಡು ನಿಂತ. "ಬಂದ್ರಾ ಅತ್ತೆ" ಅಂದ. ಸ್ನಾನ ಮಾಡಿ ಬಂದು ಎಲೆಯ ಮುಂದೆ ಅಕ್ಕನಿಗಾಗಿ ತಂದಿದ್ದ ಹೊಸ ಸೀರೆ ಇಟ್ಟ. ಹುಡುಗಿ ಬಡಿಸಿದಳು. ಅನ್ನ, ಎಸರು, ಪಾಯಸ, ಎಣ್ಣೆ ಬಿಟ್ಟುಕೊಂಡು ಹೊಳೆಯುವ ತುಂಬುಗಾಯಿ. ಒಂದು ಚಿಟಿಕೆಯಷ್ಟು ಹಸಿ ಹೂರಣವನ್ನೂ ಎಲೆಯ ತುದಿಗೆ ಇಡಲು ಅವ್ವ ಹೇಳಿದಳು. ಬಾಗಿಲು ಮುಂದೆ ಮಾಡಿಕೊಂಡು ನಾವೆಲ್ಲ ಜಗಲಿಯ ಮೇಲೆ ನಿಂತೆವು.

ಭಾವ ಕಂಬಕ್ಕೆ ಒರಗಿ ನೆಲ ನೋಡುತ್ತಿದ್ದ. ಆಗಾಗ ಟವಲಿನಿಂದ ಮುಖ ಒರೆಸಿಕೊಳ್ಳುತ್ತಿದ್ದ. ಅವ್ವ ಬಾಗಿಲಿಗೆ ಅಂಗೈ ಹಚ್ಚಿ ನಿಂತಿದ್ದಳು, ಒಳಗಿನವರು ನೂಕಿದರೆ ತಿಳಿಯಲೆಂಬಂತೆ. ನಾನು ಒಳಗೆ ಏನಾದರೂ ಸದ್ದಾಗುತ್ತದೆಯೇ ಎಂದು ಕಿವಿಗೊಟ್ಟೆ. ನಿಜವಾಗಿ ನಂಬಿದ್ದೆ. ಒಳಗೆ ಅಕ್ಕ ಕೂತು ಉಣ್ಣುತ್ತಿದ್ದಾಳೆ, ಈಗ ಬಾಗಿಲು ತೆಗೆದರೆ ಕಾಣುತ್ತಾಳೆ ಎಂದು.

ಬಾಗಿಲು ತೆಗೆದಾಗ ದೀಪ ಉರಿಯುತ್ತಿತ್ತು. ಎಲೆಯ ಮೇಲಿನದು ಎಲ್ಲ ಹಾಗೇ ಇತ್ತು. ಅವ್ವ ಹೊಸ್ತಿಲಲ್ಲೇ ಕುಸಿದು ಕೂತಳು. ಅಲ್ಲಿಯವರೆಗೆ ಅವಳು ಬಾಯಿ ಬಿಟ್ಟು ಅತ್ತದ್ದನ್ನು ನಾನು ನೋಡಿರಲಿಲ್ಲ. ಹುಡುಗಿ ಪಕ್ಕದಲ್ಲಿ ಕೂತು ಬೆನ್ನು ನೀವುತ್ತಾ, "ಉಂಡವ್ಳೆ ಬುಡಿ ಅವ್ವ, ಉಂಡವ್ಳೆ" ಅನ್ನುತ್ತಿದ್ದಳು.

ಆ ರಾತ್ರಿ ಅಲ್ಲೇ ಉಳಿದು ಬೆಳಿಗ್ಗೆ ಹೊರಟೆವು. ಹುಡುಗಿ ಕೂಸನ್ನು ಸೊಂಟದ ಮೇಲೆ ಕೂರಿಸಿಕೊಂಡು ಊರ ಬಾಗಿಲಿನವರೆಗೆ ಬಂದಳು. ಅಲ್ಲಿ ನಿಂತು ಹಿಂಜರಿಯುತ್ತಾ ಕೇಳಿದಳು. "ನಂಗೂ ತವರು ಅಂತ ಇಲ್ಲ ಅವ್ವ. ಬರೋ ಗೌರಿ ಅಬ್ಬುಕ್ಕೆ ಕೂಸ್ನ ಕರ್ಕಂಡು ನಿಮ್ಮಟ್ಟಿಗೆ ಬರ್ಲಾ?"

ಅವ್ವ ಚೀಲವನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಾಯಿಸಿದಳು. "ನೋಡನ" ಅಂದಳು.

ನೋಡನ ಎಂದರೇನೆಂದು ನಮ್ಮ ಕಡೆ ಎಲ್ಲರಿಗೂ ಗೊತ್ತು. ಆ ಹುಡುಗಿ ನಕ್ಕು ತಲೆಯಾಡಿಸಿ ಮಗುವಿನ ಕೈ ಹಿಡಿದು ನಮ್ಮತ್ತ ಆಡಿಸಿದಳು.

ದಾರಿಯಲ್ಲಿ ಬಹಳ ದೂರ ನಡೆದ ಮೇಲೆ ಅವ್ವ ತಾನಾಗಿಯೇ ಹೇಳಿದಳು. "ಬಾ ಅನ್ನಾಕೆ ನಾಲ್ಗೆ ಬರ್ನಿಲ್ಲ ಕಣಮ್ಮಿ. ಒಳ್ಳೇ ಮಗ ಅದು. ಆದ್ರೆ ನಿಮ್ಮಕ್ಕನ ಸೀರೆ ಉಟ್ಗಂಡು ನಮ್ಮ ಬಾಗ್ಲಲ್ಲಿ ನಿಂತ್ರೆ ನಾ ಎಂಗ್ ತಡ್ಕಳ್ಳಿ?"

ಮುಂದಿನ ವರ್ಷ ಗೌರಿ ಹಬ್ಬ ಬಂತು, ಹೋಯಿತು. ಊರಿನ ಹೆಣ್ಣುಮಕ್ಕಳು ತವರಿಗೆ ಬಂದಿದ್ದರು. ಅವ್ವ ಅವತ್ತು ಎರಡು ಮೂರು ಸಲ ಕಾರಣವಿಲ್ಲದೆ ರಸ್ತೆಯವರೆಗೆ ಹೋಗಿಬಂದಳು. ಯಾರನ್ನೂ ಕರೆಯಲು ಕಳಿಸಿರಲಿಲ್ಲ, ಬರುವವರು ಹೇಗೆ ಬಂದಾರು. ಹಬ್ಬದ ಮಾರನೇ ದಿನ ಅಪ್ಪನಿಗೆ, "ಕರೀಬೇಕಿತ್ತು ಕಣ" ಅಂದಳು. ದೀಪಾವಳಿಗೆ ಹೋದಾಗ ತಾನೇ ಬಾಯಿಬಿಟ್ಟು ಕರೆಯುತ್ತೇನೆಂದಳು. ಚಾಮರಾಜನಗರಕ್ಕೆ ಹೋಗಿ ಆ ಹುಡುಗಿಗೊಂದು ಸೀರೆ, ಬಳೆ, ಕೂಸಿಗೊಂದು ಲಂಗ ತಂದಿಟ್ಟಳು. ಸೀರೆಯನ್ನು ಅಜ್ಜಿಗೆ ತೋರಿಸಿ, "ಕೆಂಪು ಅವಳಿಗೆ ಒಪ್ತದೆ" ಅಂದಳು.

ಪಾಡ್ಯದ ದಿನ ಪುಡಿ ಕುಟ್ಟಿಕೊಂಡು, ಬದನೆಕಾಯಿ ಕೊಯ್ದುಕೊಂಡು, ಮತ್ತೆ ಹೊರಟೆವು. ಈ ಸಲ ಅಪ್ಪನೂ ಬಂದರು.

ಭಾವನ ಮನೆಗೆ ಬೀಗ ಹಾಕಿತ್ತು. ಜಗಲಿಯ ಮೇಲೆ ಎಲೆ ಬಿದ್ದು ಗುಡ್ಡೆಯಾಗಿತ್ತು. ಪಕ್ಕದ ಮನೆಯ ಅಜ್ಜಿ ಕಣ್ಣಿಗೆ ಕೈ ಅಡ್ಡ ಹಿಡಿದು ನಮ್ಮನ್ನು ಗುರುತಿಸಿದಳು.

"ಓದ್ರಲ್ಲವ್ವ ಅವ್ರು. ಆನೆ ಒಲ ಎಲ್ಲಾ ತುಳ್ದಾಕ್ಬುಡ್ತು. ನೀಲಗಿರಿ ಕಡೆ ಟೀ ತೋಟುಕ್ಕೆ ಜನ ಬೇಕು ಅಂತ ಮೇಸ್ತ್ರಿ ಬಂದಿದ್ದ. ಅವ್ನ ಜೊತೇಲಿ ಓದ್ರು."

ಯಾವ ತೋಟ ಎಂದು ಅಪ್ಪ ಕೇಳಿದರು. ಅವಳಿಗೆ ಗೊತ್ತಿರಲಿಲ್ಲ. ಯಾವಾಗ ಹೋದರು ಎಂದು ಅವ್ವ ಕೇಳಿದಳು.

"ಗೌರಿ ಅಬ್ಬ ಕಳೀತಿದ್ದಂಗೆ. ಅವ್ನು ಅದ್ಕೂ ಮುಂಚೇನೆ ಓಗನ ಅಂತಿದ್ದ, ಇವ್ಳೇ ತಡುದ್ಲು. ಅಬ್ಬುಕ್ಕೆ ಉಡಿಗಾಲ್ದಿಂದ ಯಾರಾದ್ರೂ ಕರಿಯಾಕ್ ಬಂದಾರು ಅಂತ ಕಾದ್ಲು, ಪಾಪ."

ಅವ್ವ ಜಗಲಿಯ ಎಲೆಗಳ ಮೇಲೆಯೇ ಕೂತಳು. ಅವಳು ಆ ದಿನ ಅಳಲಿಲ್ಲ. ಹಬ್ಬದ ದಿನ ಹಸಿದು ಹೋಗಬಾರದೆಂದು ಆ ಮುದುಕಿ ಒಳಗೆ ಕರೆದು ಮುದ್ದೆ ಇಕ್ಕಿದಳು. ಅವ್ವ ಹೂರಣದ ಪುಡಿ, ಬದನೆಕಾಯಿ ಎಲ್ಲವನ್ನೂ ಅವಳಿಗೇ ಕೊಟ್ಟುಬಿಟ್ಟಳು. ಸೀರೆ, ಬಳೆ, ಲಂಗ ಮಾತ್ರ ವಾಪಸು ಬಂದವು.

ಅಪ್ಪ ಒಮ್ಮೆ ಗೂಡಲೂರಿನವರೆಗೆ ಹೋಗಿ ಕೇಳಿ ಬಂದರು. ಬೆಟ್ಟದ ತುಂಬ ತೋಟ, ತೋಟದ ತುಂಬ ನಮ್ಮ ಕಡೆಯ ಜನ, ಹೆಸರು ಹೇಳಿದರೆ ಇಂಥವರು ನೂರು ಮಂದಿ ಇದ್ದಾರೆ ಅಂದರಂತೆ. ಆಮೇಲೆ ಅತ್ತ ಹೋಗಿಬಂದವರನ್ನೆಲ್ಲ ಅವ್ವ ವಿಚಾರಿಸುತ್ತಿದ್ದಳು. ಪುಟ್ಟ ಕೂಸು, ಹುಬ್ಬು ದಟ್ಟ, ಎಡಗೆನ್ನೆಯ ಮೇಲೆ ಮಚ್ಚೆ ಎಂದು ಗುರುತು ಹೇಳುತ್ತಿದ್ದಳು. ಮಗು ಬೆಳೆದು ದೊಡ್ಡವಳಾಗಿರುತ್ತಾಳೆ ಎಂಬುದು ಅವಳಿಗೆ ಹೊಳೆಯುತ್ತಿರಲಿಲ್ಲ, ಅಥವಾ ಹೊಳೆದರೂ ಬೇಡವಾಗಿತ್ತು. ಕೊನೆಗೆ ಆ ಲಂಗವನ್ನು ನನ್ನ ಮೊದಲ ಮಗಳಿಗೆ ಹಾಕಿದೆವು. ಅಷ್ಟು ಹೊತ್ತಿಗೆ ಅದರ ಮಡಿಕೆಗಳು ಬಿರಿದಿದ್ದವು.

ಆ ಮಗು ಈಗ ಎಲ್ಲಿದ್ದರೂ ಮೊಮ್ಮಕ್ಕಳು ಇರುವ ವಯಸ್ಸು. ಆ ಹುಡುಗಿಯನ್ನೇ ಹೆತ್ತ ತಾಯಿ ಎಂದುಕೊಂಡು ಬೆಳೆದಿದ್ದರೂ ಬೆಳೆದಿರಬಹುದು. ಅವಳಿಗೆ ಉಡಿಗಾಲ ಎನ್ನುವ ಹೆಸರನ್ನು ಯಾರಾದರೂ ಹೇಳಿದರೋ ಇಲ್ಲವೋ, ನನಗೆ ಗೊತ್ತಿಲ್ಲ.